ಈ ಹೆಸರಿನದು ಆಗಲೇ ಇದೆ

ನಮ್ಮ ಮನೆಯಲ್ಲಿ ನನ್ನ ತಂಗಿಗೆ ಎಡೆ ಇಡುವುದಿಲ್ಲ. ಮಹಾನವಮಿ ಅಮಾವಾಸ್ಯೆಗೆ ಮುದ್ದೇಬಿಹಾಳದ ನಮ್ಮ ಓಣಿಯ ಎಲ್ಲ ಮನೆಗಳಲ್ಲೂ ತೀರಿಕೊಂಡವರ ಹೆಸರಿನಲ್ಲಿ ಹೊಸ ಬಟ್ಟೆ ಇಟ್ಟು, ಹೋಳಿಗೆಯ ಎಡೆ ಹಿಡಿಯುತ್ತಾರೆ. ನಮ್ಮಲ್ಲಿಯೂ ಅಪ್ಪನಿಗೆ ಇಡುತ್ತೇವೆ, ಅಜ್ಜ ಅಜ್ಜಿಗೆ ಇಡುತ್ತೇವೆ. ತಂಗಿಗೆ ಮಾತ್ರ ಇಲ್ಲ. ಅವಳು ಹೊಳ್ಳಿ ಬಂದಿದ್ದಾಳೆ, ಮರಳಿ ಹುಟ್ಟಿ ಬಂದವಳಿಗೆ ಎಡೆ ಯಾಕೆ ಎನ್ನುವುದು ಅವ್ವನ ಮಾತು. ಹೊಳ್ಳಿ ಬಂದವಳು ಅಂದರೆ ನನ್ನ ಮಗಳು.

ಸತ್ತವರ ಹೆಸರನ್ನು ಆಮೇಲೆ ಹುಟ್ಟಿದ ಕೂಸಿಗೆ ಇಡುವುದು ನಮ್ಮ ಕಡೆ ಹೊಸದೇನಲ್ಲ. ಹಾಗೆ ಹೆಸರು ಹೊತ್ತ ಮಗುವನ್ನು ಆ ಹೆಸರು ಹಿಡಿದು ಬೈಯುವಂತಿಲ್ಲ. ಅಜ್ಜನ ಹೆಸರಿನ ಹುಡುಗನನ್ನು ಸ್ವಂತ ಅಪ್ಪನೇ 'ಯಪ್ಪಾ' ಎಂದು ಕರೆಯುತ್ತಾನೆ. ನನ್ನ ಮಗಳನ್ನು ತೊಟ್ಟಿಲಿಗೆ ಹಾಕಿದ ದಿನ ಕಿವಿಯಲ್ಲಿ ಹೆಸರು ಹೇಳಬೇಕಾದವಳು ನನ್ನ ನಾದಿನಿ. ಆಕೆ ಇಂಡಿಯಿಂದ ಹೊಸ ಸೀರೆ ಉಟ್ಟು ಬಂದಿದ್ದಳು, ಒಂದು ಚೆಂದದ ಹೆಸರನ್ನೂ ಹುಡುಕಿಕೊಂಡು ಬಂದಿದ್ದಳು. ಆಕೆ ಮುಂದೆ ಬರುವುದರೊಳಗೆ ಅವ್ವ ತೊಟ್ಟಿಲ ಮೇಲೆ ಬಾಗಿ ಕೂಸಿನ ಕಿವಿಯಲ್ಲಿ ತಂಗಿಯ ಹೆಸರು ಹೇಳಿಬಿಟ್ಟಳು. ತಂಗಿ ಹೋಗಿ ಆಗಿನ್ನೂ ವರ್ಷ ತುಂಬಿರಲಿಲ್ಲ. ಅಂಥ ತಾಯಿಯ ಬಾಯಿ ಮುಚ್ಚಿಸುವವರು ಯಾರು? ಮರುದಿನ ನೋಡಿದರೆ ಗೋಡೆಯ ಮೇಲೆ ತಂಗಿಯ ಫೋಟೊ ಇರಲಿಲ್ಲ. "ಬದುಕಿದ್ದವರ ಫೋಟೊಕ್ಕ ಹಾರ ಹಾಕ್ತಾರೇನು?" ಎಂದು ಅವ್ವ ಅದನ್ನು ಟ್ರಂಕಿನ ತಳಕ್ಕೆ ಸೇರಿಸಿದ್ದಳು.

ಅಂದಿನಿಂದ ನನ್ನ ಮಗಳು ಅವ್ವನ ಬಾಯಲ್ಲಿ 'ನನ್ನ ಮಗಳು' ಆದಳು. ಮೊಮ್ಮಗಳು ಎಂಬ ಮಾತನ್ನೇ ಅವ್ವ ಆಡಲಿಲ್ಲ. "ನನ್ನ ಮಗಳು ಉಂಡಾಳೇನು?", "ನನ್ನ ಮಗಳಿಗೆ ಬಿಸಿಲಾಗ ಕಳಸಬ್ಯಾಡ." ಮೊದಮೊದಲು ಇರಲಿ ಬಿಡು, ದುಃಖ ಮರೆಯುತ್ತಾಳೆ ಎಂದು ಸುಮ್ಮನಿದ್ದೆ. ಬರಬರುತ್ತ ನನಗೆ ಸಿಟ್ಟು ಬರತೊಡಗಿತು. ನನ್ನ ಸಿಟ್ಟು ಮೊದಲೇ ಮೂಗಿನ ತುದಿಯಲ್ಲಿರುತ್ತದೆ. ಹಡೆದವಳು ನಾನು, ಎತ್ತಿಕೊಂಡು ತಿರುಗಿದವಳು ನಾನು. ಹುಡುಗಿ ಎಡಗೈಯಲ್ಲಿ ರೊಟ್ಟಿ ಮುರಿದರೆ "ನೋಡು, ಥೇಟ್ ಹಂಗ" ಎಂದು ಅವ್ವನಿಗೆ ಕಣ್ಣೀರು. ಹುಡುಗಿಗೆ ಸಣ್ಣ ಜ್ವರ ಬಂದರೆ ಅವ್ವ ಅನ್ನ ನೀರು ಬಿಟ್ಟು ಮಂಚದ ಕಾಲು ಹಿಡಿದು ಕೂರುತ್ತಿದ್ದಳು. ಜ್ವರದಲ್ಲಿದ್ದ ಮಗುವಿಗಿಂತ ಹೆಚ್ಚು ಹೆದರಿದವಳನ್ನು ನಾನು ಸಮಾಧಾನ ಮಾಡಬೇಕಾಗುತ್ತಿತ್ತು. ಸತ್ತವಳಿಗೂ ಮನೆಯಲ್ಲಿ ಜಾಗ ಇಲ್ಲ, ಬದುಕಿದ್ದವಳಿಗೂ ತನ್ನದು ಅನ್ನುವ ಜಾಗ ಇಲ್ಲ ಎಂದು ನನಗೆ ಅನಿಸುತ್ತಿತ್ತು.

ತಂಗಿ ನನಗಿಂತ ಬಹಳ ಚಿಕ್ಕವಳು. ಬಸವನ ಬಾಗೇವಾಡಿಯ ಒಂದು ಆಫೀಸಿನಲ್ಲಿ ನೌಕರಿ. ವಾರವಿಡೀ ಅಲ್ಲೇ ರೂಮು ಮಾಡಿಕೊಂಡಿದ್ದು, ಶನಿವಾರ ಸಂಜೆ ಮುದ್ದೇಬಿಹಾಳದ ಬಸ್ಸು ಹತ್ತುತ್ತಿದ್ದಳು. ಹೂವಿನ ಹಿಪ್ಪರಗಿ ದಾಟಿದ ಕೂಡಲೇ ಫೋನು. "ಹಿಪ್ಪರಗಿ ದಾಟೇನಿ, ಭಜಿ ಹಿಟ್ಟು ಕಲಸ್ರಿ." ಅಷ್ಟೇ. ಹೇಗಿದ್ದೀರಿ, ಏನು ಮಾಡುತ್ತಿದ್ದೀರಿ ಎಂಬ ಉಪಚಾರ ಅವಳ ಹತ್ತಿರ ಇರಲಿಲ್ಲ. ನಾನಾಗ ಹೊಸದಾಗಿ ಔಷಧಿ ಅಂಗಡಿ ಇಟ್ಟಿದ್ದೆ. ನನ್ನ ಗಂಡನಿಗೆ ಇಂಡಿಯ ಹತ್ತಿರದ ಸಕ್ಕರೆ ಕಾರ್ಖಾನೆಯಲ್ಲಿ ಕೆಲಸ; ಅವರು ಅಲ್ಲಿ, ಅಂಗಡಿಯ ಸಲುವಾಗಿ ನಾನು ಇಲ್ಲಿ ಅವ್ವನ ಜೊತೆ. ಈಗಲೂ ಹಾಗೇ ನಡೆದಿದೆ.

ಊರಿನ ಹೆಣ್ಣುಮಕ್ಕಳು ಮೊದಲ ಪಗಾರದಲ್ಲಿ ಕಿವಿಗೋ ಕೊರಳಿಗೋ ಏನಾದರೂ ಮಾಡಿಸಿಕೊಳ್ಳುತ್ತಾರೆ. ಇವಳು ವಿಜಯಪುರಕ್ಕೆ ಹೋಗಿ ಟಿವಿಗೆ ಹಚ್ಚುವ ಗೇಮಿನ ಡಬ್ಬಿ ತಂದಳು. "ಇದನ್ನ ಕೊಳ್ಳಾಗ ಹಾಕ್ಕೊಂಡು ಮದವಿಗೆ ಹೋಗ್ತೀಯೇನು?" ಎಂದು ಅವ್ವ ಕೇಳಿದ್ದಳು. ಆದರೆ ಶನಿವಾರ ರಾತ್ರಿ ಭಜಿಯ ತಟ್ಟೆ ಹಿಡಿದು ಟಿವಿಯ ಮುಂದೆ ಎಲ್ಲರಿಗಿಂತ ಮೊದಲು ಕೂರುತ್ತಿದ್ದವಳೂ ಅವ್ವನೇ.

ಅದೊಂದು ಹಳ್ಳಿಯ ಆಟ. ಹೊಡೆಯುವುದು ಬಡಿಯುವುದು ಏನೂ ಇಲ್ಲ. ಕೆರೆಯ ದಂಡೆಗೆ ಒಂದು ಗುಡಿಸಲು, ಸುತ್ತ ಬೀಳು ನೆಲ, ನಡುವೆ ಎರಡು ಜಡೆಯ ಒಬ್ಬ ಹುಡುಗಿ. ಕಲ್ಲು ಆರಿಸಿ, ನೆಲ ಹದ ಮಾಡಿ, ಬೇಕಾದ್ದು ಬೆಳೆಯಬಹುದು, ಬೇಕಾದ ದನಕರು ಸಾಕಬಹುದು. ಇಂಡಿಯಲ್ಲಿ ನನ್ನ ಗಂಡನ ಮನೆಯವರ ನಿಂಬೆ ತೋಟ ನೋಡಿ ಬಂದಾಗಿನಿಂದ ತಂಗಿಗೆ ಅದೇ ಹುಚ್ಚು ಹಿಡಿದಿತ್ತು. ಆಟದ ಕೆರೆಯ ದಂಡೆಯ ತುಂಬ ನಿಂಬೆ ಗಿಡ ಹಚ್ಚಿದ್ದಳು, ದಾರ ಹಿಡಿದು ಹಚ್ಚಿದಂತೆ ಸಾಲುಸಾಲು. ಒಂದೆರಡು ಕುರಿನಾದರೂ ಕಟ್ಟು, ನೋಡಲು ಚೆಂದ ಇರುತ್ತದೆ ಎಂದು ಅವ್ವ ಹೇಳಿದರೆ ಒಲ್ಲೆ ಎನ್ನುತ್ತಿದ್ದಳು. "ಕುರಿ ಅಂದ್ರ ದಿನಾ ಕಾಯಬೇಕು. ನಾ ಏನ ದಿನಾ ಬರ್ತೇನೇನು? ಗಿಡ ಆದ್ರ ಸುಮ್ನ ನಿಂತಿರ್ತಾವ."

ಆ ಆಟಕ್ಕೆ ಒಂದು ನಿಯಮ ಇತ್ತು. ಎರಡು ಜಡೆಯ ಹುಡುಗಿ ಗುಡಿಸಲಿಗೆ ಹೋಗಿ, ದೀಪ ಸಣ್ಣ ಮಾಡಿ, ಕೌದಿ ಹೊದ್ದು ಮಲಗಿದರೆ ಮಾತ್ರ ಅಂದಿನ ಕೆಲಸ ಉಳಿಯುತ್ತಿತ್ತು. ಮಲಗಿಸದೆ ಡಬ್ಬಿ ಬಂದ್ ಮಾಡಿದರೆ ಹಚ್ಚಿದ್ದೆಲ್ಲ ಹೋಗುತ್ತಿತ್ತು. ಮತ್ತೆ ಡಬ್ಬಿ ಹಚ್ಚಿದಾಗ ಅಲ್ಲಿ ಮರುದಿನದ ಮುಂಜಾನೆ. ಕೋಳಿ ಕೂಗಿ, ಹುಡುಗಿ ಮೈ ಮುರಿದು ಏಳುತ್ತಿದ್ದಳು. ಊಟಕ್ಕೆ ಕರೆದರೆ ತಂಗಿ ಒಳಗಿನಿಂದಲೇ ಕೂಗುತ್ತಿದ್ದಳು, "ತಡೀರಿ, ಇಕಿನ್ನ ಮಲಗಿಸಿ ಬರ್ತೇನಿ."

ಕೊನೆಯ ಭಾನುವಾರವೂ ಹಾಗೇ ಮಲಗಿಸಿದಳು. ಅಂದು ಕರೆಂಟು ಹೋಗಿ ಬಂದು ಮಾಡುತ್ತಿತ್ತು. ಡಬ್ಬಿ ಕೆಟ್ಟರೆ ಇಷ್ಟು ದಿನದ ತೋಟ ಹೋಗುತ್ತದಲ್ಲ ಎಂದು ಒಂದು ಪೆನ್‌ಡ್ರೈವಿಗೆ ನಕಲು ಮಾಡಿ, ಅದಕ್ಕೊಂದು ಕೆಂಪು ದಾರ ಕಟ್ಟಿ ನನ್ನ ಕೈಗೆ ಕೊಟ್ಟಳು. "ನಿನ್ನ ಹತ್ರ ಇರ್ಲಿ ಅಕ್ಕಾ. ನಾ ಎಲ್ಲೆರ ಕಳೀತೇನಿ." ಸೋಮವಾರ ಬೆಳಗಿನ ಬಸ್ಸಿಗೆ ಬಾಗೇವಾಡಿಗೆ ಹೋದಳು. ವಾರದ ನಡುವೆ ಜ್ವರ ಎಂದು ಸುದ್ದಿ ಬಂತು, ಆಮೇಲೆ ಡೆಂಗಿ ಎಂದರು, ಆಮೇಲೆ ವಿಜಯಪುರದ ಆಸ್ಪತ್ರೆ. ಆ ಶನಿವಾರ ಹಿಪ್ಪರಗಿಯಿಂದ ಫೋನು ಬರಲಿಲ್ಲ. ಮಣ್ಣು ಮಾಡಿ ಮನೆಗೆ ಬಂದಾಗ ಅವ್ವನ ಕೋಣೆಯ ಟಿವಿಯ ಕೆಳಗೆ ಆ ಡಬ್ಬಿ ಇತ್ತು. ಅದರೊಳಗೆ ಆ ಹುಡುಗಿ ಇನ್ನೂ ಕೌದಿ ಹೊದ್ದು ಮಲಗಿದ್ದಾಳೆ ಎಂಬುದು ನನ್ನ ತಲೆಯಿಂದ ಹೋಗಲೇ ಇಲ್ಲ.

ನಾನು ಅದನ್ನು ತೆರೆಯಲಿಲ್ಲ. ತೆರೆದರೆ ಮುಂಜಾನೆ ಆಗಿಬಿಡುತ್ತದೆ. ತಂಗಿ ಮಲಗಿಸಿ ಹೋದ ರಾತ್ರಿ ಮುಗಿದುಬಿಡುತ್ತದೆ. ಕಾಲೇಜು ಕಲಿತವಳು, ಗುಳಿಗೆ ಔಷಧಿ ಮಾರುವವಳು ಹೀಗೆ ಯೋಚಿಸಬಾರದು ಎಂದು ಗೊತ್ತಿತ್ತು. ಆದರೂ ಆಗುತ್ತಿರಲಿಲ್ಲ. ಡಬ್ಬಿಯ ಮೇಲೆ ಒಂದು ಕ್ರೋಶಾ ಬಟ್ಟೆ ಹೊದಿಸಿ ಅವ್ವನ ಕೋಣೆಯಲ್ಲೇ ಬಿಟ್ಟೆ. ಮನೆಯಲ್ಲಿ ತಂಗಿಯ ಎಡೆ ನಿಂತಾಗಿನಿಂದ ಪ್ರತಿ ಮಹಾನವಮಿ ಅಮಾವಾಸ್ಯೆಯ ಮಧ್ಯಾಹ್ನ, ಎಲ್ಲರೂ ಉಂಡು ಪಡಸಾಲೆಯಲ್ಲಿ ಅಡ್ಡಾದ ಮೇಲೆ, ಅವ್ವನ ಕೋಣೆಗೆ ಹೋಗಿ ಡಬ್ಬಿ ಹಚ್ಚುತ್ತಿದ್ದೆ. ಯಾರು ಆಡುತ್ತೀರಿ ಎಂದು ಅದು ಕೇಳುತ್ತದೆ. ಕೆಳಗೆ ಒಂದೇ ಹೆಸರು, ತಂಗಿಯದು. ಆ ಹೆಸರನ್ನು ನೋಡುತ್ತ ಸ್ವಲ್ಪ ಹೊತ್ತು ಕೂತು, ಗುಂಡಿ ಒತ್ತದೆ ಬಂದ್ ಮಾಡಿ ಏಳುತ್ತಿದ್ದೆ. ನಾನು ತಂಗಿಗೆ ಇಡುತ್ತಿದ್ದ ಎಡೆ ಅದೊಂದೇ. ಅವ್ವನಿಗೆ ಹೇಳಿರಲಿಲ್ಲ.

ಹೋದ ವರ್ಷದ ಅಮಾವಾಸ್ಯೆಗೆ ಬಟ್ಟೆ ಸರಿಸಿ ಕೈ ಇಟ್ಟಾಗ ಡಬ್ಬಿ ಬೆಚ್ಚಗಿತ್ತು. ಕಿಟಕಿಯ ಬಿಸಿಲು ಬಿದ್ದಿರಬೇಕು ಎಂದುಕೊಂಡೆ. ಆದರೆ ಆ ಕಿಟಕಿಗೆ ಬಿಸಿಲು ಬೀಳುವುದು ಬೆಳಿಗ್ಗೆ ಮಾತ್ರ ಎಂದು ನನಗೆ ಗೊತ್ತಿಲ್ಲದೆ ಏನೂ ಇರಲಿಲ್ಲ. ಹಚ್ಚಿದರೆ ಗಿರಣಿಯಂಥ ಸದ್ದು. ಹೆಸರು ಕಾಣಿಸಿತು, ಅಲುಗಾಡಿತು, ಪರದೆ ಕಪ್ಪಾಯಿತು. ಮತ್ತೆ ಹಚ್ಚಲು ಧೈರ್ಯ ಬರಲಿಲ್ಲ.

ಪೇಟೆಯಲ್ಲಿ ಮೊಬೈಲು, ಕಂಪ್ಯೂಟರು ರಿಪೇರಿ ಮಾಡುವವನೊಬ್ಬನಿದ್ದಾನೆ. ಶನಿವಾರ ಡಬ್ಬಿಯನ್ನು ಅವನ ಟೇಬಲ್ಲಿನ ಮೇಲೆ ಇಟ್ಟೆ. ಅವನು ಧೂಳು ಊದಿ, ಹಚ್ಚಿ, ಕಿವಿ ಕೊಟ್ಟು ಕೇಳಿದ. "ಧೂಳಿಂದು ದೊಡ್ಡ ಮಾತಲ್ರಿ ಅಕ್ಕಾರ. ಒಳಗಿನ ಡಿಸ್ಕ್ ಕಟಕಟ ಅನ್ನಾಕತ್ತೈತಿ, ಅದ ಬ್ಯಾನಿ. ಯಾವಾಗ ಕೈ ಕೊಡ್ತೈತೋ ಹೇಳಾಕ ಬರೂದಿಲ್ಲ. ಒಳಗ ಏನರ ಬೇಕಾದ್ದಿದ್ರ ಹೊರಗ ತಕ್ಕೊಂಡ ಬಿಡ್ರಿ." ಹಾಗಾದರೆ ಒಂದು ಹೊರಗಿನ ಹಾರ್ಡ್ ಡಿಸ್ಕ್ ಕೊಡಪ್ಪ ಎಂದೆ. ನಮ್ಮೂರಲ್ಲಿ ಅದನ್ನು ಕೊಳ್ಳುವವರು ಮದುವೆ ಮನೆಯವರೇ. "ಮದವಿ ವಿಡಿಯೋ ತುಂಬಸಾಕೇನ್ರಿ?" ಎಂದು ಕೇಳಿದ. "ಅಲ್ಲ, ನಿಂಬಿ ತೋಟ ತುಂಬಸಾಕ" ಎಂದೆ. ಅವನು ನಗಲೋ ಬೇಡವೋ ಎಂದು ನನ್ನ ಮುಖ ನೋಡಿದ.

ಮರುದಿನ ಭಾನುವಾರ. ಅಂಗಡಿಗೆ ಮಧ್ಯಾಹ್ನದ ಮೇಲೆ ರಜೆ. ಮಗಳು ಓಣಿಯಲ್ಲಿ ಆಡಲು ಹೋಗಿದ್ದಳು, ಅವ್ವ ಕಟ್ಟೆಯ ಮೇಲೆ ಕೂತು ಮೆಣಸಿನಕಾಯಿ ತೊಟ್ಟು ಬಿಡಿಸುತ್ತಿದ್ದಳು. ನಾನು ಹೊಸ ಡಿಸ್ಕನ್ನು ಡಬ್ಬಿಗೆ ಸಿಕ್ಕಿಸಿದೆ. ಆಟವನ್ನು ತೆರೆಯದೆಯೇ ಹೊರಗೆ ನಕಲು ಮಾಡಬಹುದು ಎಂದು ರಿಪೇರಿಯವನು ಹೇಳಿಕೊಟ್ಟಿದ್ದ. ನನಗೆ ಬೇಕಾದದ್ದೂ ಅದೇ, ಮಲಗಿದವಳನ್ನು ಎಬ್ಬಿಸದೆ ಮಂಚ ಸಮೇತ ಎತ್ತಿ ಇನ್ನೊಂದು ಕಡೆ ಇಡುವುದು. ಉಳಿಸಿಟ್ಟ ಆಟಗಳ ಪಟ್ಟಿಗೆ ಹೋದೆ. ಅಲ್ಲಿ ಒಂದೇ ಇತ್ತು. ಪಕ್ಕದಲ್ಲಿ ಅದನ್ನು ಉಳಿಸಿದ ದಿನಾಂಕ. ಔಷಧಿ ಅಂಗಡಿಯವರ ಕಣ್ಣು ಮೊದಲು ಹೋಗುವುದು ದಿನಾಂಕಕ್ಕೆ.

ಅದು ಮೊನ್ನೆಯ ಶುಕ್ರವಾರದ್ದಾಗಿತ್ತು, ಅಮಾವಾಸ್ಯೆಯ ದಿನದ್ದು.

ಡಬ್ಬಿಯ ಗಡಿಯಾರ ಕೆಟ್ಟಿರಬೇಕು ಎಂದುಕೊಂಡೆ; ನೋಡಿದರೆ ಗಡಿಯಾರ ನನ್ನ ಫೋನಿನ ಜೊತೆ ಸರಿಯಾಗಿ ಓಡುತ್ತಿತ್ತು. ಬೆಚ್ಚಗಿದ್ದ ಡಬ್ಬಿ ನೆನಪಾಯಿತು. ತಂಗಿ ಶುಕ್ರವಾರ ಬಂದು, ಕೆಲಸ ಮಾಡಿ, ಮಲಗಿಸಿ ಹೋಗಿದ್ದಾಳೆ ಎಂದು ಒಂದು ಗಳಿಗೆ ನಿಜವಾಗಿ ನಂಬಿದೆ. ಸುಳ್ಳು ಯಾಕೆ ಹೇಳಲಿ, ಹೆದರಿಕೆಯ ಜೊತೆ ಒಂದು ಥರದ ಸಂತೋಷವೂ ಆಗಿತ್ತು. ಇಷ್ಟು ವರ್ಷ ಮುಟ್ಟದ ಗುಂಡಿಯನ್ನು ಒತ್ತಿದೆ.

ಕೋಳಿ ಕೂಗಿತು. ಎರಡು ಜಡೆಯ ಹುಡುಗಿ ಮೈ ಮುರಿದು ಎದ್ದಳು. ಆದರೆ ಅದು ಆ ಗುಡಿಸಲು ಅಲ್ಲ. ಗಟ್ಟಿ ಗೋಡೆಯ ದೊಡ್ಡ ಮನೆ. ಅವಳ ಹಾಸಿಗೆಯ ಪಕ್ಕ ಇನ್ನೊಂದು ಸಣ್ಣ ಹಾಸಿಗೆ, ಅದರ ಮೇಲೂ ಮಡಚಿಟ್ಟ ಕೌದಿ. ಬಾಗಿಲು ತೆರೆದು ಹೊರಗೆ ಬಂದರೆ ಕೆರೆಯ ದಂಡೆಯ ತುಂಬ ಕುರಿಗಳು. ಬಿಳಿಯವು, ಕರಿಯವು, ಮರಿಗಳು. ಎಲ್ಲವೂ ಒಮ್ಮೆಲೇ ತಲೆ ಎತ್ತಿ ಹುಡುಗಿಯ ಕಡೆ ಓಡಿ ಬಂದವು. ನಿಂಬೆ ಗಿಡಗಳ ಸಾಲು ಇದ್ದ ಕಡೆ ಕುರಿದೊಡ್ಡಿ ಇತ್ತು. ಒಂದು ಮೂಲೆಯಲ್ಲಿ ಒಂದೇ ಒಂದು ಗಿಡ ಉಳಿದಿತ್ತು.

"ಮಮ್ಮಿ, ನನ್ನ ಆಟ ಯಾಕ ಹಚ್ಚೀದಿ?"

ಮಗಳು ಬಾಗಿಲಲ್ಲಿ ನಿಂತಿದ್ದಳು. ಅವಳ ಹಿಂದೆ ಮೆಣಸಿನಕಾಯಿಯ ಮೊರ ಹಿಡಿದ ಅವ್ವ.

"ಇದು ನಿಂದಲ್ಲ" ಎಂದೆ. "ಯಾರ ಹೇಳಿದ್ರು ನಿಂದು ಅಂತ?"

"ನಂದ ಐತಿ. ನನ್ನ ಹೆಸರ ಐತಲ್ಲ ಅದರಾಗ. ಆಯಿನ ತೋರಿಸ್ಯಾಳ."

ಆಯಿ ಎಂದರೆ ನನ್ನ ಅವ್ವ. ನಾನು ಅಂಗಡಿಯಲ್ಲಿದ್ದಾಗ, ಪಾಠ ಮುಗಿಸಿ ಸಾಲಿಯಿಂದ ಬಂದ ಮಗಳಿಗೆ ಅವ್ವ ಡಬ್ಬಿ ಹಚ್ಚಿ ಕೊಡುತ್ತಿದ್ದಳು. ಒಂದೂವರೆ ವರ್ಷದಿಂದ ಅದು ನಡೆದಿತ್ತು. ಅಮಾವಾಸ್ಯೆಯ ದಿನ ನಾನು ಪಾತ್ರೆ ತಿಕ್ಕುತ್ತಿದ್ದಾಗಲೂ ಆಡಿ ಎದ್ದಿದ್ದರು. ಯಾರು ಆಡುತ್ತೀರಿ ಎಂದು ಡಬ್ಬಿ ಕೇಳಿದರೆ ಮಗಳು ತನ್ನ ಹೆಸರನ್ನು ತಾನು ಒತ್ತುತ್ತಿದ್ದಳು. ಅಕ್ಷರ ಕಲಿತ ಮಗು. ತನ್ನ ಹೆಸರು ಕಂಡರೆ ತನ್ನದು ಎಂದೇ ತಿಳಿಯುತ್ತದೆ. ಆ ಹೆಸರನ್ನು ಅವಳಿಗೆ ಇಟ್ಟವರು ನಾವೇ ಅಲ್ಲವೇ?

"ಆಕಿ ಆಟ ಆಕಿ ಆಡ್ಯಾಳ" ಎಂದಳು ಅವ್ವ. "ನಿಂದೇನ ಹೋತು?"

ನಾನು ಅವ್ವನನ್ನು ಬಿಟ್ಟು ಮಗಳ ಕಡೆ ತಿರುಗಿದೆ. ಹೆಸರು ಹಿಡಿದು ಬೈಯಬಾರದ ಮಗಳನ್ನು ಅಂದು ಹೆಸರು ಹಿಡಿದು ಬೈದೆ. ಹೊರಗೆ ಹೋಗು, ಇನ್ನು ಮೇಲೆ ಈ ಕೋಣೆಗೆ ಕಾಲಿಟ್ಟರೆ ನೋಡು ಎಂದೆ. ಮಗಳು ಅಳುತ್ತ ಹೋದಳು. ಅವ್ವ ಮೊರವನ್ನು ಕೆಳಗಿಟ್ಟು, ನನ್ನನ್ನು ಪರಕೀಯಳಂತೆ ನೋಡಿ, ಅವಳ ಹಿಂದೆ ಹೋದಳು.

ಆ ರಾತ್ರಿ ಅಲಮಾರಿಯಿಂದ ಕೆಂಪು ದಾರದ ಪೆನ್‌ಡ್ರೈವ್ ತೆಗೆದೆ. ಅಂಗಡಿಯ ಲ್ಯಾಪ್‌ಟಾಪಿಗೆ ಸಿಕ್ಕಿಸಿದರೆ ಎಲ್ಲ ಸರಿಯಾಗಿತ್ತು. ದಿನಾಂಕ ಆ ಕೊನೆಯ ಭಾನುವಾರದ್ದೇ. ತಂಗಿಯ ಗುಡಿಸಲು, ನಿಂಬೆಯ ಸಾಲು, ಸಣ್ಣ ದೀಪ, ಎಲ್ಲವೂ ಅದರಲ್ಲಿ ಹಾಗೇ ಇರಬೇಕು. ಇದನ್ನು ಡಬ್ಬಿಗೆ ಹೊಳ್ಳಿ ಹಾಕಿದರೆ ಅವಳು ಮತ್ತೆ ಮಲಗುತ್ತಾಳೆ. ಕುರಿಗಳೂ ಇರುವುದಿಲ್ಲ, ದೊಡ್ಡ ಮನೆಯೂ ಇರುವುದಿಲ್ಲ. ಮಗಳಿಗೆ ಬೇರೆ ಯಾವುದಾದರೂ ಆಟ ಕೊಡಿಸಿದರಾಯಿತು. ಅವಳದನ್ನು ಮೊದಲು ಹೊಸ ಡಿಸ್ಕಿಗೆ ನಕಲು ಮಾಡಿಡಬಹುದಿತ್ತು. ಹೊಳೆಯಲಿಲ್ಲ ಅಂತಲ್ಲ, ಹೊಳೆಯುವುದು ನನಗೆ ಬೇಡವಾಗಿತ್ತು.

ಮರುದಿನ ಮಗಳು ಸಾಲಿಗೆ ಹೋದ ಮೇಲೆ ಅಂಗಡಿಯ ಬಾಗಿಲು ತೆರೆಯದೆ ಅವ್ವನ ಕೋಣೆಯಲ್ಲಿ ಕೂತೆ. ಪೆನ್‌ಡ್ರೈವ್ ಸಿಕ್ಕಿಸಿ, ಒಳಗೆ ನಕಲು ಮಾಡು ಎಂದೆ. ಡಬ್ಬಿ ಕಟಕಟ ಎಂದಿತು, ಆಮೇಲೆ ಪರದೆಯ ಮೇಲೆ ಇಂಗ್ಲಿಷಿನಲ್ಲಿ ಒಂದು ಪ್ರಶ್ನೆ ಬಂತು.

ಅವ್ವ ಯಾವಾಗ ಬಂದು ಹಾಸಿಗೆಯ ಅಂಚಿಗೆ ಕೂತಳೋ ತಿಳಿಯದು. "ಏನ ಕೇಳಾಕತ್ತೈತಿ ಅದು?"

"ಈ ಹೆಸರಿಂದು ಒಳಗ ಆಗಲೇ ಒಂದೈತಿ ಅಂತ. ಅದನ್ನ ತಗದು ಇದನ್ನ ಇಡ್ಲೇನು ಅಂತ ಕೇಳಾಕತ್ತೈತಿ."

"ಇದು ಅಂದ್ರ?"

"ತಂಗಿದು. ಆಕಿ ಕೊನಿ ಸಲ ಬಂದಾಗ ಮಾಡಿಟ್ಟ ಹೋಗಿದ್ಲು."

ಅವ್ವ ಪರದೆಯ ಕಡೆ ಬಾಗಿದಳು. "ಆಕಿ... ಹಂಗ ಇರ್ತಾಳೇನು?"

"ಹಂಗ ಇರ್ತಾಳ. ಮಲಗಿರ್ತಾಳ."

"ನಿಂಬಿ ಗಿಡ?"

"ಅವೂ ಇರ್ತಾವ."

ಅವ್ವ ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ, ಬಿಚ್ಚುತ್ತ ಕೂತಳು. ನನ್ನ ಹೆಬ್ಬೆರಳು ಗುಂಡಿಯ ಮೇಲಿತ್ತು. ಬೇಡ ಎನ್ನುತ್ತಾಳೆ ಎಂದು ನಾನು ಅಂದುಕೊಂಡಿರಲೇ ಇಲ್ಲ. ಮಗಳನ್ನು ಇಷ್ಟು ವರ್ಷ ಹುಡುಕಿದವಳು, ಸಿಕ್ಕಾಗ ಬಿಡುತ್ತಾಳೆಯೇ?

"ಬ್ಯಾಡ" ಎಂದಳು ಅವ್ವ.

"ಯಾಕ ಬ್ಯಾಡ?" ನನ್ನ ಸಿಟ್ಟು ಒಮ್ಮೆಲೇ ಏರಿತು. "ಇಕಿನ ಆಕಿ ಅಂತ ನೀನ ಅಂತಿ. ಫೋಟೊ ತಗದಿ. ಎಡಿ ನಿಲ್ಲಿಸಿದಿ. ಇಬ್ಬರೂ ಒಬ್ಬಾಕಿನ ಆದ್ರ, ಯಾವದ ಇದ್ರೇನು, ಯಾವದ ಹೋದ್ರೇನು?"

"ಸಾಲಿಂದ ಬಂದ ಕೂಡ್ಲೇ ಕೂಸು ಕುರಿ ಎಣಸ್ತೈತಿ" ಎಂದಳು ಅವ್ವ. "ಇವತ್ತ ಒಂದು ಕುರಿ ಮರಿ ಹಾಕತೈತಿ ಅಂತ ಮೊನ್ನಿಂದ ಕಾಯಾಕತ್ತೈತಿ. ಬಂದ ಕೇಳಿದ್ರ ನಾ ಏನ ಹೇಳ್ಲಿ?"

"ಆಕಿ ಕುರಿ ಎಣಸ್ತಿದ್ಲೇನು?" ನಾನು ಬಿಡಲಿಲ್ಲ. ಬಿಡಬೇಕಿತ್ತು, ಬಿಡಲಾಗಲಿಲ್ಲ.

ಅವ್ವ ನನ್ನ ಕಡೆ ನೋಡಲಿಲ್ಲ. ಪರದೆಯ ಕಡೆಯೇ ನೋಡುತ್ತ ಹೇಳಿದಳು. "ಆಕಿ ಒಂದ ಕುರಿನೂ ಕಟ್ಟಿದಾಕಿ ಅಲ್ಲ. ನನಗ ಗೊತ್ತಿಲ್ಲೇನು? ವಾರಾ ವಾರಾ ಇಲ್ಲೆ ಕುಂತು ನೋಡೇನಿ. ಇಕಿ ಗಿಡ ಕಡದಾಗೂ ಇಲ್ಲೆ ಇದ್ದೆ. ಒಂದೊಂದ ಸಾಲು, ಒಂದೊಂದ ಸಾಲು. 'ಆಯೀ, ಇಲ್ಲೆ ದೊಡ್ಡಿ ಮಾಡ್ಲೇನು?' ಅಂತ ಕೇಳತಿತ್ತು. ಮಾಡವ್ವಾ ಅಂದೆ. ಎಲ್ಲಾ ಕಡದ ಮ್ಯಾಲ ಒಂದ ಗಿಡ ಇರ್ಲಿ ಅಂದೆ. ಯಾಕ ಅಂತ ಕೇಳ್ತು. ನೆಳ್ಳಿಗೆ ಅಂತ ಹೇಳೇನಿ."

ನಾನು ಬೇಡ ಎಂಬ ಗುಂಡಿ ಒತ್ತಿದೆ. ಪ್ರಶ್ನೆ ಹೋಯಿತು.

ಅವ್ವ ಅಂದು ಅತ್ತ ಹಾಗೆ ತಂಗಿಯ ಮಣ್ಣಿನ ದಿನವೂ ಅತ್ತಿರಲಿಲ್ಲ. ಆಗ ಸುತ್ತ ಹೆಂಗಸರು ಇದ್ದರು, ಹಾಡಿಕೊಂಡು ಅಳುವವರಿದ್ದರು, ಅವ್ವ ಕಲ್ಲಾಗಿ ಕೂತಿದ್ದಳು. ಆಮೇಲೆ ನನ್ನ ಹೊಟ್ಟೆಯಲ್ಲಿ ಮಗಳು ಬಂದಳು, ಅಳುವುದಕ್ಕೆ ಅವ್ವನಿಗೆ ಕಾರಣ ಉಳಿಯಲಿಲ್ಲ. ಅವತ್ತು ನನ್ನ ಹೆಗಲಿಗೆ ತಲೆ ಕೊಟ್ಟು, "ಹೋದಳಲ್ಲವ್ವಾ, ಹೋಗಿ ಬಿಟ್ಟಳಲ್ಲ" ಎಂದು ಈಗ ತಾನೇ ಸುದ್ದಿ ಬಂದವಳಂತೆ ಅತ್ತಳು. ಗೆದ್ದೆ ಎಂದು ಅನಿಸಬೇಕಿತ್ತು. ನಾನು ಇಷ್ಟು ವರ್ಷ ಅವಳ ಬಾಯಿಂದ ಕೇಳಬೇಕೆಂದಿದ್ದ ಮಾತು ಅದೇ. ಕೇಳಿದ ಮೇಲೆ, ಇನ್ನೂ ಸ್ವಲ್ಪ ದಿನ ಅವಳು ಆ ಸುಳ್ಳಿನಲ್ಲೇ ಇರಬಾರದಿತ್ತೇ ಎನಿಸಿತು. ನಾನೂ ಅತ್ತೆ.

ಅತ್ತು ಮುಗಿದು, ಸಂಜೆಯ ಹೊತ್ತಿಗೆ ಅವ್ವ ಮುಖ ತೊಳೆದು ಚಹಾ ಮಾಡಿ ತಂದಳು. ನಾನು ಹೊಸ ಡಿಸ್ಕನ್ನು ಡಬ್ಬಿಗೆ ಸಿಕ್ಕಿಸಿ ಮೊದಲು ಮಗಳದನ್ನು ನಕಲು ಮಾಡಿದೆ. ನಡುವೆ ಎರಡು ಸಲ ಡಬ್ಬಿ ಉಸಿರು ಕಟ್ಟಿದಂತೆ ನಿಂತಿತು. ಎರಡು ಸಲವೂ ಅವ್ವ ಚಹಾದ ಕಪ್ಪು ಹಿಡಿದು ಹಾಗೇ ನಿಂತಳು. ಮುಗಿಯಿತು ಎಂದು ಪರದೆಯ ಮೇಲೆ ಬಂದಾಗ ಇಬ್ಬರೂ ಒಟ್ಟಿಗೆ ಉಸಿರು ಬಿಟ್ಟೆವು. ಆಮೇಲೆ ಡಿಸ್ಕನ್ನೂ ಕೆಂಪು ದಾರದ ಪೆನ್‌ಡ್ರೈವನ್ನೂ ಲ್ಯಾಪ್‌ಟಾಪಿಗೆ ಹಚ್ಚಿದೆ. ತಂಗಿಯದನ್ನು ಅದೇ ಡಿಸ್ಕಿಗೆ ಎಳೆದು ಬಿಟ್ಟರೆ ಲ್ಯಾಪ್‌ಟಾಪು ಕೂಡ ಅದೇ ಮಾತು ಕೇಳಿತು, ಈ ಹೆಸರಿನದು ಆಗಲೇ ಇದೆ. ಡಬ್ಬಿಯ ಹಾಗೆ ಇದು ಹಟ ಮಾಡುವುದಿಲ್ಲ. ಎರಡು ಬೇರೆ ಬೇರೆ ಫೋಲ್ಡರು ಮಾಡಿ ಒಂದೊಂದರಲ್ಲಿ ಒಂದೊಂದನ್ನು ಇಡಬಹುದು. ಆದರೆ ಫೋಲ್ಡರಿಗೂ ಒಂದೊಂದು ಹೆಸರು ಬೇಕು. ಆ ಹೆಸರನ್ನು ಎರಡೂ ಕಡೆ ಬರೆಯುವಂತಿಲ್ಲ. ನಾನು ಅಕ್ಷರದ ಮೇಲೆ ಬೆರಳಿಟ್ಟು ಕೂತೆ.

"ಈಗೇನ ಕೇಳಾ‍ಕತ್ತೈತಿ?" ಎಂದಳು ಅವ್ವ.

"ಬ್ಯಾರೆ ಬ್ಯಾರೆ ಹೆಸರ ಬೇಕಂತ. ಎರಡೂ ಒಂದ ಇದ್ರ ಆಗೂದಿಲ್ಲಂತ."

ಅವ್ವ ಚಹಾ ಮುಗಿಸಿದಳು. ಕಪ್ಪನ್ನು ಕೆಳಗಿಟ್ಟು ಸೆರಗಿನಿಂದ ಬಾಯಿ ಒರೆಸಿಕೊಂಡಳು. ಹೊರಗೆ ಸಾಲಿಯ ಮಕ್ಕಳನ್ನು ಬಿಡುವ ಆಟೋ ಓಣಿಯ ತಿರುವಿನಲ್ಲಿ ಹಾರ್ನ್ ಹೊಡೆಯಿತು. ಅವ್ವ ಬಾಗಿಲು ತೆರೆಯಲು ಎದ್ದಳು, ಎದ್ದವಳು ನಿಂತಳು.

"ಒಂದಕ್ಕ ನನ್ನ ಮಗಳು ಅಂತ ಬರಿ" ಎಂದಳು. "ಇನ್ನೊಂದಕ್ಕ ನಿನ್ನ ಮಗಳು ಅಂತ ಬರಿ."